ಸ್ಟೀಮ್ ಲೈಬ್ರರಿಯನ್ನು ಓರಣ ಮಾಡಿಕೊಳ್ಳುವುದು: ಯಾವ ಗೇಮ್ ಕಣ್ಣೆದುರು ಇರಬೇಕು, ಯಾವುದು ಅಟ್ಟ ಸೇರಬೇಕು

ಶನಿವಾರ ರಾತ್ರಿ ಊಟ ಮುಗಿದು ಒಂಬತ್ತೂವರೆ. ಮಲಗುವ ತನಕ ಒಂದೂವರೆ ಗಂಟೆ ಬಿಡುವು. ಕಂಪ್ಯೂಟರ್ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್ ತೆರೆದು, ನಿಮ್ಮ ಗೇಮ್‌ಗಳೆಲ್ಲ ಇರುವ ಲೈಬ್ರರಿಯ ಎಡಗಡೆಯ ಪಟ್ಟಿಯನ್ನು ಕೆಳಕ್ಕೆ ಜಾರಿಸುತ್ತಾ ಹೋಗುತ್ತೀರಿ. ಸೇಲ್‌ನಲ್ಲಿ ಅಗ್ಗಕ್ಕೆ ಸಿಕ್ಕಿತೆಂದು ಕೊಂಡದ್ದು, ಬಂಡಲ್ ಜೊತೆ ಬಂದದ್ದು, ಪುಕ್ಕಟೆ ಎಂದು ಸೇರಿಸಿಕೊಂಡದ್ದು, ಗೆಳೆಯನ ಒತ್ತಾಯಕ್ಕೆ ಒಂದೇ ದಿನ ಆಡಿ ಬಿಟ್ಟದ್ದು. ಇಪ್ಪತ್ತು ನಿಮಿಷ ಹುಡುಕಿದ ಮೇಲೂ ಒಂದೂ ಮನಸ್ಸಿಗೆ ಬರುವುದಿಲ್ಲ, ಕೊನೆಗೆ ಯಾವಾಗಲೂ ಆಡುವ ಅದೇ ಗೇಮ್‌ಗೆ ಕೈ ಹೋಗುತ್ತದೆ.

ನನಗೂ ವರ್ಷಗಟ್ಟಲೆ ಹೀಗೇ ಆಗುತ್ತಿತ್ತು. 2015ರ ಕೊನೆಗೆ ಸ್ಟೀಮ್‌ನಲ್ಲಿ ರೂಪಾಯಿ ಬೆಲೆ ಬಂದಮೇಲೆ ನನ್ನ ಖರೀದಿಗೆ ಲಂಗುಲಗಾಮು ಇರಲಿಲ್ಲ, ಪಟ್ಟಿ 300 ದಾಟಿತು. ಒಂದು ಭಾನುವಾರ ಮಧ್ಯಾಹ್ನ ಕೂತು ಅದನ್ನೆಲ್ಲ ಒಪ್ಪ ಮಾಡಿದೆ. ಈಗ ಕಣ್ಣೆದುರು ಇರುವುದು ಸುಮಾರು 40. ಉಳಿದದ್ದು ಎಲ್ಲೂ ಹೋಗಿಲ್ಲ, ಬೇಕೆಂದಾಗ ಕೈಗೆ ಸಿಗುತ್ತದೆ. ಆ ಮಧ್ಯಾಹ್ನ ಮಾಡಿದ ಕೆಲಸವನ್ನು ಹೆಜ್ಜೆ ಹೆಜ್ಜೆಯಾಗಿ ಇಲ್ಲಿ ಬರೆಯುತ್ತಿದ್ದೇನೆ. ಸ್ಟೀಮ್‌ನ ಮೆನುಗಳು ಕನ್ನಡದಲ್ಲಿ ಇಲ್ಲ. ಹಾಗಾಗಿ ತೆರೆಯ ಮೇಲೆ ಕಾಣುವ ಇಂಗ್ಲಿಷ್ ಹೆಸರನ್ನೇ ಕನ್ನಡ ಲಿಪಿಯಲ್ಲಿ ಕೊಟ್ಟಿದ್ದೇನೆ.

ಮೂರು ಬೇರೆ ಬೇರೆ ಕೆಲಸ, ಕಲಸಬೇಡಿ

"ಗೇಮ್ ಮರೆಮಾಡೋದು ಹೇಗೆ" ಎಂದು ಕೇಳುವವರ ಮನಸ್ಸಿನಲ್ಲಿ ಸಾಮಾನ್ಯವಾಗಿ ಮೂರರಲ್ಲಿ ಒಂದು ಆಸೆ ಇರುತ್ತದೆ. ಪಟ್ಟಿ ಚಿಕ್ಕದಾಗಬೇಕು, ಅಥವಾ ತಾನು ಏನು ಆಡುತ್ತಿದ್ದೇನೆಂದು ಬೇರೆಯವರಿಗೆ ಗೊತ್ತಾಗಬಾರದು, ಇಲ್ಲವೇ ಆ ಗೇಮ್ ಖಾತೆಯಲ್ಲೇ ಇರಬಾರದು. ಸ್ಟೀಮ್‌ನಲ್ಲಿ ಈ ಮೂರಕ್ಕೂ ಬೇರೆ ಬೇರೆ ಗುಂಡಿ ಇದೆ.

'ಹೈಡ್' ಎಂದರೆ ಅಟ್ಟಕ್ಕೆ ಹಾಕುವುದು. ಗೇಮ್ ನಿಮ್ಮ ಪಟ್ಟಿಯಿಂದ ಮರೆಯಾಗುತ್ತದೆ, ಅಷ್ಟೇ. ಇನ್‌ಸ್ಟಾಲ್ ಆಗಿದ್ದರೆ ಹಾಗೇ ಇರುತ್ತದೆ, ಅಪ್‌ಡೇಟ್ ಬರುತ್ತಲೇ ಇರುತ್ತದೆ, ಆಡಿದ ಗಂಟೆಗಳ ಲೆಕ್ಕಕ್ಕೂ ಅಚೀವ್‌ಮೆಂಟ್‌ಗಳಿಗೂ ಏನೂ ಆಗುವುದಿಲ್ಲ. ಮುಖ್ಯ ಮಾತು: ನೀವು ಅದನ್ನು ಆಡುವಾಗ ಗೆಳೆಯರಿಗೆ ಕಾಣುತ್ತದೆ.

'ಪ್ರೈವೇಟ್' ಎಂದರೆ ಬೀರುವಿನಲ್ಲಿಟ್ಟು ಬೀಗ ಹಾಕುವುದು. ಆ ಗೇಮ್ ನಿಮ್ಮ ಬಳಿ ಇದೆ ಎಂಬುದು, ಅದನ್ನು ಆಡುತ್ತಿದ್ದೀರಿ ಎಂಬುದು, ಎಷ್ಟು ಹೊತ್ತು ಆಡಿದಿರಿ ಎಂಬುದು ಬೇರೆಯವರಿಗೆ ತಿಳಿಯುವುದಿಲ್ಲ. ನಿಮ್ಮ ಪಟ್ಟಿಯಲ್ಲಿ ಮಾತ್ರ ಎಂದಿನಂತೆ ಇರುತ್ತದೆ. ಈ ಸೌಲಭ್ಯ ಬಂದದ್ದು 2024ರಲ್ಲಿ. ಅದಕ್ಕೂ ಮುಂಚಿನ ಲೇಖನ, ವಿಡಿಯೋಗಳಲ್ಲಿ ಇದರ ಸುಳಿವೇ ಇರುವುದಿಲ್ಲ.

ಮೂರನೆಯದು ಖಾತೆಯಿಂದಲೇ ತೆಗೆಯುವುದು. ಇದು ಗುಜರಿಗೆ ಹಾಕಿದ ಹಾಗೆ. ಅದರ ಬಗ್ಗೆ ಕೊನೆಗೆ ಹೇಳುತ್ತೇನೆ, ಅಲ್ಲಿಯವರೆಗೆ ಅದರ ಹತ್ತಿರ ಹೋಗಬೇಡಿ.

ಅಟ್ಟ ಸೇರಬೇಕಾದವನ್ನು ಆರಿಸುವುದು

ನೇರವಾಗಿ ಮರೆಮಾಡಲು ಕೂರಬೇಡಿ, ಮೊದಲು ಪಟ್ಟಿಯನ್ನು ಒಂದು ಸಲ ಪೂರ್ತಿ ನೋಡಿ. ಯೋಚಿಸದೆ ಅಡಗಿಸಬಹುದಾದ ಕೆಲವು ಬಗೆಗಳಿವೆ.

ಒಂದೇ ಗೇಮ್‌ನ ಎರಡು ಪ್ರತಿಗಳು. 2011ರ ಸ್ಕೈರಿಮ್ ಅನ್ನು ಎಲ್ಲ ಡಿಎಲ್‌ಸಿ (ಪ್ರತ್ಯೇಕವಾಗಿ ಮಾರುವ ಹೆಚ್ಚುವರಿ ಭಾಗಗಳು) ಸಮೇತ ಕೊಂಡಿದ್ದವರಿಗೆ 2016ರಲ್ಲಿ ಸ್ಪೆಷಲ್ ಎಡಿಷನ್ ಉಚಿತವಾಗಿ ಸಿಕ್ಕಿತು. ಬಯೋಶಾಕ್ ಇದ್ದವರಿಗೆ ಅದರ ರೀಮಾಸ್ಟರ್ಡ್ (ಚಿತ್ರ ಸುಧಾರಿಸಿದ) ಪ್ರತಿ ಹೀಗೇ ಬಂತು. ಎರಡೂ ಅಕ್ಕಪಕ್ಕ ಕೂತಿರುತ್ತವೆ. ಹಳೆಯದಕ್ಕೆ ಮಾಡ್‌ಗಳನ್ನು (ಆಟಗಾರರೇ ಮಾಡಿದ ಬದಲಾವಣೆಗಳನ್ನು) ಹಾಕಿಕೊಂಡಿಲ್ಲ ಎಂದಾದರೆ ಅದನ್ನು ಅಡಗಿಸಿ.

ಟೆಸ್ಟ್ ಸರ್ವರ್, ಪ್ಲೇಟೆಸ್ಟ್ (ಎರಡೂ ಪರೀಕ್ಷೆಗೆಂದು ಬಿಟ್ಟ ಪ್ರತಿಗಳು), ಡೆಮೋ. ಪಬ್‌ಜಿ ಇರುವವರಿಗೆ ಪಬ್‌ಜಿ ಟೆಸ್ಟ್ ಸರ್ವರ್ ಪ್ರತ್ಯೇಕ ಗೇಮ್‌ನಂತೆ ಕಾಣುತ್ತದೆ. ಇಂಥವು ಪಟ್ಟಿಯಲ್ಲಿ ಇದ್ದು ಏನೂ ಪ್ರಯೋಜನವಿಲ್ಲ.

ಸರ್ವರ್ ನಿಂತುಹೋದವು. ಯುಬಿಸಾಫ್ಟ್‌ನ ದಿ ಕ್ರೂ ಆಡಲು ಇಂಟರ್ನೆಟ್ ಕಡ್ಡಾಯವಾಗಿತ್ತು. 2024ರ ಮಾರ್ಚ್ 31ಕ್ಕೆ ಸರ್ವರ್ ಮುಚ್ಚಿದ ಮೇಲೆ ದುಡ್ಡು ಕೊಟ್ಟು ಕೊಂಡವರೂ ಅದನ್ನು ಆಡುವ ಹಾಗಿಲ್ಲ. ನೋಡಿದಾಗಲೆಲ್ಲ ಹೊಟ್ಟೆ ಉರಿಯುವ ಹೆಸರು ಕಣ್ಣೆದುರು ಯಾಕಿರಬೇಕು?

ಇನ್ನು ಮನಸ್ಸು ಒಪ್ಪದ ಬಗೆ: "ಮುಂದೆ ಯಾವಾಗಲಾದರೂ ಆಡ್ತೀನಿ" ಎಂದು ಇಟ್ಟುಕೊಂಡವು. ಐದು ವರ್ಷದಿಂದ ಮುಟ್ಟಿಲ್ಲ, ಹೆಸರು ಓದಿದರೆ ಕುತೂಹಲವೂ ಹುಟ್ಟುವುದಿಲ್ಲ ಎಂದಾದರೆ ಧೈರ್ಯವಾಗಿ ಅಡಗಿಸಿ. ಅಟ್ಟಕ್ಕೆ ಹಾಕಿದ್ದನ್ನು ಇಳಿಸಲು ಕೆಲವೇ ಕ್ಲಿಕ್ ಸಾಕು. ಹಾಗಾಗಿ ಇಲ್ಲಿ ತಪ್ಪು ನಿರ್ಧಾರ ಆದರೂ ನಷ್ಟವಿಲ್ಲ.

ಅಡಗಿಸುವ ಕ್ರಮ

1. ಲೈಬ್ರರಿಯ ಎಡ ಪಟ್ಟಿಯಲ್ಲಿ ಗೇಮ್‌ನ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ.
2. 'ಮ್ಯಾನೇಜ್' ಮೇಲೆ ಮೌಸ್ ಇಟ್ಟರೆ ಇನ್ನೊಂದು ಮೆನು ತೆರೆಯುತ್ತದೆ. ಅದರಲ್ಲಿ 'ಹೈಡ್ ದಿಸ್ ಗೇಮ್' ಒತ್ತಿ.
3. ಹಲವು ಗೇಮ್‌ಗಳನ್ನು ಒಟ್ಟಿಗೆ ಅಡಗಿಸಬೇಕಾದರೆ ಕಂಟ್ರೋಲ್ ಕೀ ಹಿಡಿದು ಒಂದೊಂದನ್ನೇ ಆಯ್ದುಕೊಳ್ಳಿ. ಸಾಲಾಗಿ ಇದ್ದರೆ ಮೊದಲನೆಯದನ್ನು ಒತ್ತಿ, ಶಿಫ್ಟ್ ಹಿಡಿದು ಕೊನೆಯದನ್ನು ಒತ್ತಿ. ಆಮೇಲೆ ರೈಟ್ ಕ್ಲಿಕ್ ಮಾಡಿ ಎಲ್ಲವನ್ನೂ ಒಂದೇ ಏಟಿಗೆ ಅಡಗಿಸಬಹುದು.
4. ಅಡಗಿಸಿದ್ದನ್ನು ನೋಡಲು ಸ್ಟೀಮ್ ಕಿಟಕಿಯ ಮೇಲ್ತುದಿಯ 'ವ್ಯೂ' ಮೆನು ತೆರೆದು 'ಹಿಡನ್ ಗೇಮ್ಸ್' ಒತ್ತಿ. ಅಲ್ಲಿ ರೈಟ್ ಕ್ಲಿಕ್, 'ಮ್ಯಾನೇಜ್', 'ರಿಮೂವ್ ಫ್ರಮ್ ಹಿಡನ್' ಎಂದರೆ ಮೊದಲಿನ ಜಾಗಕ್ಕೆ ವಾಪಸ್.

ಕೈಯಲ್ಲಿ ಹಿಡಿದು ಆಡುವ ಸ್ಟೀಮ್ ಡೆಕ್‌ನಲ್ಲಾದರೆ ಗೇಮ್‌ನ ಪುಟಕ್ಕೆ ಹೋಗಿ ಗೇರ್ ಚಿಹ್ನೆ ಒತ್ತಿ, 'ಮ್ಯಾನೇಜ್' ಒಳಗೆ ಇದೇ ಆಯ್ಕೆ ಸಿಗುತ್ತದೆ.

ಅಡಗಿಸುವ ಮುನ್ನ ಒಂದು ವಿಷಯ ನೋಡಿಕೊಳ್ಳಿ: ಅದು ಇನ್‌ಸ್ಟಾಲ್ ಆಗಿದೆಯೇ? ಪಟ್ಟಿಯಿಂದ ಹೋದ ಮಾತ್ರಕ್ಕೆ ಡಿಸ್ಕ್‌ನಿಂದ ಹೋಗುವುದಿಲ್ಲ. ಬಾಲ್ಡರ್ಸ್ ಗೇಟ್ 3ಕ್ಕೆ 150 ಜಿಬಿ ಜಾಗ ಬೇಕು. 512 ಜಿಬಿ ಎಸ್‌ಎಸ್‌ಡಿ ಇರುವ ಲ್ಯಾಪ್‌ಟಾಪ್‌ನಲ್ಲಿ ಇಂಥದ್ದೊಂದು ಕಣ್ಣಿಗೆ ಕಾಣದೆ ಕೂತಿದ್ದರೆ ಜಾಗ ಎಲ್ಲಿ ಹೋಯಿತೆಂದೇ ತಿಳಿಯುವುದಿಲ್ಲ. 'ಸೆಟ್ಟಿಂಗ್ಸ್' ಒಳಗೆ 'ಸ್ಟೋರೇಜ್' ತೆರೆದರೆ ಯಾವ ಗೇಮ್ ಎಷ್ಟು ಜಾಗ ಹಿಡಿದಿದೆ ಎಂದು ಸಾಲಾಗಿ ಕಾಣುತ್ತದೆ. ಮೊದಲು ಅನ್‌ಇನ್‌ಸ್ಟಾಲ್, ಆಮೇಲೆ ಹೈಡ್. ಬರೀ ಹೈಡ್ ಮಾಡಿದರೆ ಡೆಸ್ಕ್‌ಟಾಪ್ ಮೇಲಿನ ಶಾರ್ಟ್‌ಕಟ್ ಕೂಡ ಹೋಗುವುದಿಲ್ಲ.

ಹೈಡ್ ಬೀಗವಲ್ಲ

ಇದನ್ನು ನನಗೆ ಕಲಿಸಿದವನು ಅಕ್ಕನ ಮಗ. ಆಗ ಮೂರನೇ ಕ್ಲಾಸು. ದಸರಾ ರಜಕ್ಕೆ ಬಂದಿದ್ದ, ನನ್ನ ಕಂಪ್ಯೂಟರ್‌ನಲ್ಲಿ ಕಾರ್ ರೇಸ್ ಆಡುತ್ತಿದ್ದ. ಅವನು ನೋಡಬಾರದ ರಕ್ತಪಾತದ ಗೇಮ್‌ಗಳನ್ನೆಲ್ಲ ಮುಂಚೆಯೇ ಹೈಡ್ ಮಾಡಿ ನಿಶ್ಚಿಂತೆಯಿಂದ ಕಾಫಿ ತರಲು ಒಳಗೆ ಹೋದೆ. ಬರುವಷ್ಟರಲ್ಲಿ "ಮಾಮ, ಇಲ್ಲಿ ಇನ್ನೊಂದು ಲಿಸ್ಟ್ ಇದೆ ನೋಡು, ಇದ್ಯಾಕೆ ತೋರಿಸ್ಲಿಲ್ಲ?" ಎಂದ. ಮೇಲಿನ ಮೆನುಗಳನ್ನು ಒಂದೊಂದಾಗಿ ಒತ್ತಿ ನೋಡಿದ್ದಾನೆ. ಪಾಸ್‌ವರ್ಡ್ ಇಲ್ಲ, ಏನಿಲ್ಲ, ಎಲ್ಲ ಅವನ ಮುಂದೆ ತೆರೆದುಕೊಂಡಿತ್ತು.

ಮನೆಯಲ್ಲಿ ಮಕ್ಕಳು ಇದ್ದರೆ ಮಾಡಬೇಕಾದ್ದು ಬೇರೆ. 2024ರ ಸೆಪ್ಟೆಂಬರ್‌ನಲ್ಲಿ ಎಲ್ಲರಿಗೂ ಬಂದ ಸ್ಟೀಮ್ ಫ್ಯಾಮಿಲೀಸ್‌ನಲ್ಲಿ ಒಂದೇ ಮನೆಯ 6 ಮಂದಿಯವರೆಗೆ ಸೇರಿ ಗೇಮ್‌ಗಳನ್ನು ಹಂಚಿಕೊಳ್ಳಬಹುದು. ಮಗುವಿಗೆ ಅದರದೇ ಖಾತೆ ಮಾಡಿ, ಕುಟುಂಬಕ್ಕೆ 'ಚೈಲ್ಡ್' ಎಂದು ಸೇರಿಸಿ. ಆಮೇಲೆ ಯಾವ ಯಾವ ಗೇಮ್ ಆಡಬಹುದು, ದಿನಕ್ಕೆ ಎಷ್ಟು ಹೊತ್ತು, ಅಂಗಡಿಯ ಪುಟ ನೋಡಬಹುದೇ ಎಂಬುದನ್ನೆಲ್ಲ ದೊಡ್ಡವರು ತಮ್ಮ ಖಾತೆಯಿಂದಲೇ ಗೊತ್ತುಮಾಡಬಹುದು. ನೀವು ಒಪ್ಪಿಗೆ ಕೊಟ್ಟ ಗೇಮ್‌ಗಳು ಮಾತ್ರ ಮಗುವಿಗೆ ಸಿಗುತ್ತವೆ. ಯಾರನ್ನು ಸೇರಿಸುತ್ತೀರಿ ಎಂದು ಮಾತ್ರ ಮುಂಚೆಯೇ ಯೋಚಿಸಿ. ಒಬ್ಬರು ಬಿಟ್ಟು ಹೋದರೆ ಅವರು ಇನ್ನೊಂದು ಕುಟುಂಬ ಸೇರಲು, ಅವರ ಜಾಗಕ್ಕೆ ಬೇರೊಬ್ಬರು ಬರಲು ಒಂದು ವರ್ಷದ ಕಾಯುವಿಕೆ ಇದೆ. ಗೆಳೆಯರ ಬಳಗವನ್ನು ಕುಟುಂಬ ಎಂದು ಸೇರಿಸಿಕೊಂಡವರು ಇಲ್ಲೇ ಸಿಕ್ಕಿಬೀಳುವುದು.

ಬೇರೆಯವರ ಕಣ್ಣಿನಿಂದ ಮರೆಮಾಡುವುದು

ಆಫೀಸಿನವರೆಲ್ಲ ಫ್ರೆಂಡ್ಸ್ ಲಿಸ್ಟ್‌ನಲ್ಲಿ ಇದ್ದಾರೆ, ಏನು ಆಡುತ್ತಿದ್ದೀರೆಂದು ಎಲ್ಲರಿಗೂ ಕಾಣುವುದು ಇಷ್ಟವಿಲ್ಲ. ಇದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ, ಏಕಾಂತ ಎಲ್ಲರ ಹಕ್ಕು. ಗೇಮ್ ಮೇಲೆ ರೈಟ್ ಕ್ಲಿಕ್, 'ಮ್ಯಾನೇಜ್', 'ಮಾರ್ಕ್ ಆಸ್ ಪ್ರೈವೇಟ್'. ಕೊಳ್ಳುವಾಗಲೇ ಕಾರ್ಟ್‌ನಲ್ಲಿ ಪ್ರೈವೇಟ್ ಎಂದು ಗುರುತು ಹಾಕುವ ಅವಕಾಶವೂ ಇದೆ. ಮನಸ್ಸು ಬದಲಾದರೆ ಅದೇ ಮೆನುವಿನಿಂದ ವಾಪಸ್ ತರಬಹುದು. ಪ್ರೈವೇಟ್ ಮಾಡಿದ ಗೇಮ್ ಸ್ಟೀಮ್ ಫ್ಯಾಮಿಲಿಯ ಬೇರೆಯವರ ಜೊತೆ ಹಂಚಿಕೆಯಾಗುವುದಿಲ್ಲ ಎಂಬುದು ನೆನಪಿರಲಿ. ಆನ್‌ಲೈನ್ ಆಟದಲ್ಲಿ ಎದುರಿಗೆ ಆಡುವವರಿಗೆ ನಿಮ್ಮ ಹೆಸರು ಕಾಣುವುದನ್ನು ಇದು ತಡೆಯುವುದಿಲ್ಲ.

ಒಂದೊಂದೇ ಗೇಮ್ ಬೇಡ, ಎಲ್ಲವೂ ಮರೆಯಾಗಲಿ ಎಂದರೆ ಪ್ರೊಫೈಲ್ ತೆರೆದು 'ಎಡಿಟ್ ಪ್ರೊಫೈಲ್', 'ಪ್ರೈವೆಸಿ ಸೆಟ್ಟಿಂಗ್ಸ್' ಗೆ ಹೋಗಿ. ಅಲ್ಲಿ 'ಗೇಮ್ ಡೀಟೇಲ್ಸ್' ಎಂಬುದನ್ನು 'ಫ್ರೆಂಡ್ಸ್ ಓನ್ಲಿ' ಅಥವಾ 'ಪ್ರೈವೇಟ್' ಮಾಡಬಹುದು. ಗೇಮ್‌ಗಳ ಹೆಸರು ಕಂಡರೆ ಪರವಾಗಿಲ್ಲ, ಸಾವಿರ ಗಂಟೆ ಆಡಿದ್ದು ತಿಳಿಯಬಾರದು ಎನ್ನುವವರಿಗೆ ಒಟ್ಟು ಆಟದ ಸಮಯವನ್ನು ಮಾತ್ರ ಮರೆಮಾಡುವ ಚೆಕ್‌ಬಾಕ್ಸ್ ಅದೇ ಜಾಗದಲ್ಲಿ ಇದೆ.

ಕಲೆಕ್ಷನ್: ಗುಂಪು ಕಟ್ಟುವ ಕಲೆ

ಅಡಗಿಸಿದ್ದು ಅರ್ಧ ಕೆಲಸ. ಉಳಿದ ಅರ್ಧ, ಕಣ್ಣೆದುರು ಇರುವುದನ್ನು ಅರ್ಥ ಬರುವಂತೆ ಜೋಡಿಸುವುದು. 2019ರ ಅಕ್ಟೋಬರ್‌ನಲ್ಲಿ ಹೊಸ ಲೈಬ್ರರಿ ಬಂದಾಗಿನಿಂದ ಇದಕ್ಕೆ 'ಕಲೆಕ್ಷನ್' ಎಂಬ ಒಳ್ಳೆಯ ಉಪಕರಣ ಸಿಕ್ಕಿದೆ. ಗೇಮ್ ಮೇಲೆ ರೈಟ್ ಕ್ಲಿಕ್ ಮಾಡಿ 'ಆ್ಯಡ್ ಟು', 'ನ್ಯೂ ಕಲೆಕ್ಷನ್' ಎಂದು ಒತ್ತಿ ಹೆಸರು ಕೊಟ್ಟರೆ ಗುಂಪು ಸಿದ್ಧ. ಮುಂದಿನ ಗೇಮ್‌ಗಳನ್ನು ಎಳೆದು ತಂದು ಆ ಹೆಸರಿನ ಮೇಲೆ ಬಿಟ್ಟರೂ ಸಾಕು. ಒಂದೇ ಗೇಮ್ ಎಷ್ಟು ಗುಂಪಿನಲ್ಲಿ ಬೇಕಾದರೂ ಇರಬಹುದು. ಈ ಜೋಡಣೆಯೆಲ್ಲ ಸ್ಟೀಮ್ ಕ್ಲೌಡ್‌ನಲ್ಲಿ ಉಳಿಯುವುದರಿಂದ ಹೊಸ ಲ್ಯಾಪ್‌ಟಾಪ್ ಕೊಂಡು ಲಾಗಿನ್ ಆದರೂ ಹಾಗೇ ಬರುತ್ತದೆ.

ಎಲ್ಲರೂ ಮೊದಲು ಮಾಡುವುದು ಆ್ಯಕ್ಷನ್, ಆರ್‌ಪಿಜಿ (ಒಂದು ಪಾತ್ರವಾಗಿ ಆಡುತ್ತಾ ಅದನ್ನು ಬೆಳೆಸುವ ಆಟ), ಪಜಲ್, ಸ್ಪೋರ್ಟ್ಸ್ ಎಂದು ಪ್ರಕಾರದ ಮೇಲೆ ವಿಂಗಡಿಸುವುದು. ನಾನೂ ಮಾಡಿದೆ, ಎರಡೇ ವಾರದಲ್ಲಿ ಕೈಬಿಟ್ಟೆ. ಯಾಕೆಂದರೆ ರಾತ್ರಿ ಒಂಬತ್ತೂವರೆಗೆ "ಇವತ್ತು ಆರ್‌ಪಿಜಿ ಆಡೋಣವೇ" ಎಂದು ಯಾರೂ ಯೋಚಿಸುವುದಿಲ್ಲ. ಎಷ್ಟು ಹೊತ್ತು ಇದೆ, ತಲೆ ಎಷ್ಟು ದಣಿದಿದೆ, ಜೊತೆಗೆ ಯಾರಿದ್ದಾರೆ ಎಂಬುದೇ ಆಗ ಮುಖ್ಯ. ಹಾಗಾಗಿ ಸಂದರ್ಭಕ್ಕೆ ತಕ್ಕಂತೆ ಗುಂಪು ಕಟ್ಟಿ. ನನ್ನವು ಇವು:

1 ಈಗ ಆಡ್ತಿರೋದು
2 ಮುಂದಿನ ಸರದಿ
3 ಅರ್ಧ ಗಂಟೆ ಇದ್ದಾಗ
4 ನೆಂಟರು ಬಂದಾಗ
5 ಮುಗಿದವು

ಹೆಸರು ಕನ್ನಡದಲ್ಲೇ ಕೊಡಬಹುದು, ಸ್ಟೀಮ್‌ಗೆ ಯಾವ ತಕರಾರೂ ಇಲ್ಲ. ಮುಂದೆ ಅಂಕಿ ಹಾಕಿದ್ದಕ್ಕೆ ಕಾರಣವಿದೆ. ಎಡ ಪಟ್ಟಿಯಲ್ಲಿ ಗುಂಪುಗಳು ಅಕಾರಾದಿಯಾಗಿ ನಿಲ್ಲುತ್ತವೆ, ಬೇಕಾದ ಕ್ರಮದಲ್ಲಿ ನಿಲ್ಲಿಸಲು ಅಂಕಿಯೇ ಸುಲಭದ ದಾರಿ.

'ಈಗ ಆಡ್ತಿರೋದು' ಗುಂಪಿನಲ್ಲಿ ಮೂರಕ್ಕಿಂತ ಹೆಚ್ಚು ಇರಬಾರದು. ಇದು ನನ್ನ ಕಟ್ಟುನಿಟ್ಟಿನ ನಿಯಮ. ಒಂದು ದೊಡ್ಡ ಕಥೆಯ ಗೇಮ್, ಒಂದು ಚಿಕ್ಕದು, ಒಂದು ಗೆಳೆಯರ ಜೊತೆ ಆಡುವುದು. ನಾಲ್ಕನೆಯದನ್ನು ತರಬೇಕೆಂದರೆ ಒಂದು ಹೊರಗೆ ಹೋಗಬೇಕು. ದೊಡ್ಡ ಗೇಮ್‌ಗಳನ್ನು ಅರ್ಧಕ್ಕೆ ಬಿಟ್ಟು ಎರಡು ತಿಂಗಳ ಮೇಲೆ ಮರಳಿದರೆ ಯಾವ ಬಟನ್ ಏನು ಮಾಡುತ್ತದೆಂದೂ ನೆನಪಿರುವುದಿಲ್ಲ, ಮೊದಲಿನಿಂದ ಶುರು ಮಾಡಬೇಕಾಗುತ್ತದೆ. ಇದಕ್ಕೆ ಸ್ಟೀಮ್‌ನಲ್ಲೇ ಒಂದು ಮದ್ದಿದೆ: 2023ರಲ್ಲಿ ಬಂದ 'ನೋಟ್ಸ್'. ಆಟದ ನಡುವೆ ಶಿಫ್ಟ್ ಮತ್ತು ಟ್ಯಾಬ್ ಒಟ್ಟಿಗೆ ಒತ್ತಿದರೆ ಓವರ್‌ಲೇ (ಆಟದ ಮೇಲೆಯೇ ಕಾಣುವ ಸ್ಟೀಮ್‌ನ ಪರದೆ) ತೆರೆಯುತ್ತದೆ, ಅಲ್ಲಿ ಟಿಪ್ಪಣಿ ಬರೆಯಬಹುದು. ವಿಚರ್ 3 ಬಿಟ್ಟೇಳುವಾಗ ನಾನು ಬರೆದಿಟ್ಟದ್ದು: "ನೊವಿಗ್ರಾಡ್‌ನಲ್ಲಿದ್ದೇನೆ. ಡ್ಯಾಂಡಿಲಿಯನ್‌ನನ್ನು ಹುಡುಕಬೇಕು. ಕತ್ತಿ ರಿಪೇರಿ ಆಗಿಲ್ಲ." ಮೂರು ವಾರದ ನಂತರ ಕೂತಾಗ ಆ ಮೂರು ಸಾಲು ನನ್ನನ್ನು ಸೀದಾ ಆ ಬೀದಿಗೇ ಕರೆದೊಯ್ದವು.

'ಅರ್ಧ ಗಂಟೆ ಇದ್ದಾಗ' ಗುಂಪಿಗೆ ಗೇಮ್ ಆರಿಸುವಾಗ ನಿಲ್ಲಿಸಲು ಎಷ್ಟು ಸುಲಭ ಎಂದು ನೋಡಿ. ವ್ಯಾಂಪೈರ್ ಸರ್ವೈವರ್ಸ್‌ನ ಹೆಚ್ಚಿನ ಹಂತಗಳಲ್ಲಿ ಒಂದು ಸುತ್ತಿನ ಗಡಿಯಾರ 30 ನಿಮಿಷಕ್ಕೆ ಮುಗಿಯುತ್ತದೆ. ಸ್ಟಾರ್‌ಡ್ಯೂ ವ್ಯಾಲಿಯಲ್ಲಿ ಆಟದ ಒಂದು ದಿನಕ್ಕೆ ನಮ್ಮ ಸುಮಾರು 14 ನಿಮಿಷ, ಪಾತ್ರ ಮಲಗಿದಾಗ ಸೇವ್ ಆಗುತ್ತದೆ. ಎರಡು ದಿನ ಬೇಸಾಯ ಮಾಡಿ ಏಳಬಹುದು. 'ನೆಂಟರು ಬಂದಾಗ' ಗುಂಪಿನಲ್ಲಿ ಒಂದೇ ತೆರೆಯ ಮುಂದೆ ನಾಲ್ಕು ಜನ ಅಡುಗೆಮನೆಯಲ್ಲಿ ಓಡಾಡುವ ಓವರ್‌ಕುಕ್ಡ್ 2ರಂಥವು ಇರಲಿ. ಗೇಮ್ ಆಡಿ ಗೊತ್ತಿಲ್ಲದ ಚಿಕ್ಕಮ್ಮನೂ ಹತ್ತು ನಿಮಿಷದಲ್ಲಿ ಈರುಳ್ಳಿ ಹೆಚ್ಚಲು ಕಲಿಯುತ್ತಾರೆ.

ಗೇಮ್ ಮುಗಿದ ದಿನ ಅದನ್ನು 'ಮುಗಿದವು' ಗುಂಪಿಗೆ ಎಳೆದು ಹಾಕುವುದೇ ಒಂದು ಸುಖ. ಇವುಗಳನ್ನು ಅಡಗಿಸಬೇಡಿ. ಗುಂಪಿನ ಹೆಸರಿನ ಪಕ್ಕದ ಚಿಹ್ನೆ ಒತ್ತಿ ಮಡಚಿಟ್ಟರೆ ಒಂದೇ ಸಾಲಿನಷ್ಟು ಜಾಗ ಸಾಕು.

ತಾನೇ ತುಂಬಿಕೊಳ್ಳುವ ಗುಂಪು

ಕೈಯಾರೆ ಜೋಡಿಸಲು ಬೇಸರವಾದರೆ 'ಡೈನಾಮಿಕ್ ಕಲೆಕ್ಷನ್' ಇದೆ. ಇದು ನಿಯಮದ ಮೇಲೆ ನಡೆಯುತ್ತದೆ.

1. ಎಡ ಪಟ್ಟಿಯ ಮೇಲಿನ ಹುಡುಕುವ ಪೆಟ್ಟಿಗೆಯ ಬಲಕ್ಕೆ ಇರುವ ಫಿಲ್ಟರ್ ಚಿಹ್ನೆ ಒತ್ತಿ.
2. ಬೇಕಾದವಕ್ಕೆ ಗುರುತು ಹಾಕಿ. ಆಡಿದವೋ ಆಡದವೋ, ಎಷ್ಟು ಜನ ಆಡಬಹುದು, ಕಂಟ್ರೋಲರ್ ನಡೆಯುತ್ತದೆಯೇ, ಅಂಗಡಿಯ ಟ್ಯಾಗ್ (ಗೇಮ್ ಯಾವ ಬಗೆಯದೆಂದು ಹೇಳುವ ಚೀಟಿ) ಯಾವುದು ಎಂದೆಲ್ಲ ಇರುತ್ತದೆ.
3. ಪಟ್ಟಿ ಸೋಸಿ ಬಂದಮೇಲೆ 'ಸೇವ್ ಆಸ್ ಡೈನಾಮಿಕ್ ಕಲೆಕ್ಷನ್' ಒತ್ತಿ ಹೆಸರು ಕೊಡಿ.

ಆಡದಿರುವ ಗೇಮ್ ಮತ್ತು ಕಂಟ್ರೋಲರ್ ಬೆಂಬಲ, ಈ ಎರಡಕ್ಕೆ ಗುರುತು ಹಾಕಿ "ಸೋಫಾ ಮೇಲೆ ಕೂತು" ಎಂದು ಒಂದನ್ನು ಮಾಡಿಟ್ಟಿದ್ದೇನೆ. ಹೊಸದಾಗಿ ಕೊಂಡದ್ದು ನಿಯಮಕ್ಕೆ ಹೊಂದಿದರೆ ತಾನಾಗಿ ಅಲ್ಲಿ ಬಂದು ಕೂರುತ್ತದೆ. ಟ್ಯಾಗ್‌ಗಳನ್ನು ಮಾತ್ರ ಪೂರ್ತಿ ನಂಬಬೇಡಿ. ಅವನ್ನು ಹಾಕುವುದರಲ್ಲಿ ಆಡುವವರ ಕೈಯೂ ಇರುವುದರಿಂದ ಒಂದಕ್ಕೊಂದು ಸಂಬಂಧವಿಲ್ಲದ ಗೇಮ್‌ಗಳೂ ಒಟ್ಟಿಗೆ ಬರುತ್ತವೆ. ಕಂಟ್ರೋಲರ್, ಆಟಗಾರರ ಸಂಖ್ಯೆಯಂಥ ಗಟ್ಟಿ ಸಂಗತಿಗಳ ಮೇಲೆ ನಿಯಮ ಕಟ್ಟಿದರೆ ಫಲಿತಾಂಶ ಚೆನ್ನಾಗಿರುತ್ತದೆ.

ಸಣ್ಣಪುಟ್ಟ ಒಪ್ಪಗಳು

ಲೈಬ್ರರಿಯ ಮುಖಪುಟದಲ್ಲಿ 'ಆ್ಯಡ್ ಶೆಲ್ಫ್' ಒತ್ತಿ ಯಾವ ಗುಂಪು ಮೇಲೆ ಕಾಣಬೇಕೆಂದು ಆರಿಸಬಹುದು. ನನ್ನ ಮೊದಲ ಎರಡು ಗುಂಪುಗಳು ಅಲ್ಲಿವೆ, ಬೇರೇನೂ ಇಲ್ಲ.

ಸರಣಿ ಗೇಮ್‌ಗಳು ಅಕಾರಾದಿಯಲ್ಲಿ ತಲೆಕೆಳಗಾಗುತ್ತವೆ. ಅಸಾಸಿನ್ಸ್ ಕ್ರೀಡ್‌ನಲ್ಲಿ 2018ರ ಒಡಿಸ್ಸಿ 2017ರ ಆರಿಜಿನ್ಸ್‌ಗಿಂತ ಮೇಲೆ, 2015ರ ಸಿಂಡಿಕೇಟ್ 2014ರ ಯೂನಿಟಿಗಿಂತ ಮೇಲೆ ಬರುತ್ತದೆ. ಗೇಮ್‌ನ 'ಪ್ರಾಪರ್ಟೀಸ್' ತೆರೆದು 'ಕಸ್ಟಮೈಸೇಶನ್' ಭಾಗದಲ್ಲಿ ವಿಂಗಡಣೆಗೆಂದೇ ಬೇರೆ ಹೆಸರು ಬರೆಯಬಹುದು. ಸರಣಿಯ ಹೆಸರು ಮುಗಿದ ಕೂಡಲೇ ಬಿಡುಗಡೆಯ ವರ್ಷ ಸೇರಿಸಿದರೆ ಎಲ್ಲವೂ ಕ್ರಮಕ್ಕೆ ಬರುತ್ತವೆ.

ಹಳೆಯ ಕಂಪ್ಯೂಟರ್‌ನಲ್ಲಿ ಲೈಬ್ರರಿ ಎಳೆದಾಡುತ್ತಿದ್ದರೆ 'ಸೆಟ್ಟಿಂಗ್ಸ್', 'ಲೈಬ್ರರಿ' ಒಳಗೆ 'ಲೋ ಪರ್ಫಾರ್ಮೆನ್ಸ್ ಮೋಡ್' ಹಾಕಿ. ಮೊಬೈಲ್ ಹಾಟ್‌ಸ್ಪಾಟ್‌ನಲ್ಲಿ ಇರುವವರಿಗೆ ಪಕ್ಕದ 'ಲೋ ಬ್ಯಾಂಡ್‌ವಿಡ್ತ್ ಮೋಡ್' ಕೂಡ ಉಪಯೋಗಕ್ಕೆ ಬರುತ್ತದೆ.

ಬೇರೆ ಅಂಗಡಿಗಳಲ್ಲೂ ಗೇಮ್ ಇರುವವರು ಪ್ಲೇನೈಟ್ ನೋಡಬಹುದು. ವಿಂಡೋಸ್‌ಗೆ ಉಚಿತವಾಗಿ ಸಿಗುವ ಓಪನ್ ಸೋರ್ಸ್ ತಂತ್ರಾಂಶ. ಸ್ಟೀಮ್, ಎಪಿಕ್, ಜಿಒಜಿ ಎಲ್ಲವನ್ನೂ ಒಂದೇ ಪಟ್ಟಿಗೆ ತಂದು, ಅಡಗಿಸಲು, ಟ್ಯಾಗ್ ಹಾಕಲು, ಮುಗಿದಿದೆಯೇ ಇಲ್ಲವೇ ಎಂದು ಗುರುತಿಸಲು ಬಿಡುತ್ತದೆ. ಅಲ್ಲಿ ಅಡಗಿಸಿದ್ದು ಸ್ಟೀಮ್‌ನಲ್ಲಿ ಅಡಗುವುದಿಲ್ಲ, ಎರಡರ ಲೆಕ್ಕವೂ ಬೇರೆ ಬೇರೆ.

ಖಾತೆಯಿಂದ ತೆಗೆಯುವುದು

ಸ್ಟೀಮ್ ಸಪೋರ್ಟ್‌ನಲ್ಲಿ ಆ ಗೇಮ್ ಆರಿಸಿದರೆ ಖಾತೆಯಿಂದ ಶಾಶ್ವತವಾಗಿ ತೆಗೆಯುವ ಆಯ್ಕೆ ಕಾಣುತ್ತದೆ. ದುಡ್ಡು ವಾಪಸ್ ಬರುವುದಿಲ್ಲ. ಒಂದೇ ಪ್ಯಾಕೇಜ್‌ನಲ್ಲಿ ಹಲವು ಗೇಮ್ ಬಂದಿದ್ದರೆ ಎಲ್ಲವೂ ಒಟ್ಟಿಗೆ ಹೋಗುತ್ತವೆ. ಒಪ್ಪಿಗೆ ಒತ್ತುವ ಮುನ್ನ ತೋರಿಸುವ ಹೆಸರುಗಳನ್ನು ಒಂದೊಂದಾಗಿ ಓದಿ. ದುಡ್ಡು ಕೊಟ್ಟು ಕೊಂಡ ಗೇಮ್‌ಗೆ ನಾನು ಇದನ್ನು ಒಮ್ಮೆಯೂ ಮಾಡಿಲ್ಲ, ಅಟ್ಟವೇ ಸಾಕು. ಪುಕ್ಕಟೆ ಸೇರಿಸಿಕೊಂಡವನ್ನು ತೆಗೆಯಲು ಬೇರೆ ದಾರಿ ಇದೆ: 'ಅಕೌಂಟ್ ಡೀಟೇಲ್ಸ್' ಪುಟದಿಂದ ಲೈಸೆನ್ಸ್‌ಗಳ ಪಟ್ಟಿ ತೆರೆದರೆ ಉಚಿತವಾದವುಗಳ ಪಕ್ಕದಲ್ಲೇ 'ರಿಮೂವ್' ಇರುತ್ತದೆ.

ಸೇಲ್ ಮುಗಿದ ವಾರ

ಒಪ್ಪ ಮಾಡಿದ ಲೈಬ್ರರಿ ಕೆಡುವುದು ಬೇಸಿಗೆ ಮತ್ತು ಚಳಿಗಾಲದ ಸೇಲ್‌ಗಳಲ್ಲಿ. ಆಗ ಕೊಂಡ ಪ್ರತಿಯೊಂದನ್ನೂ ಆ ವಾರವೇ ಒಮ್ಮೆ ತೆರೆದು ಒಂದು ಗಂಟೆ ಆಡಿ. ಇಷ್ಟವಾದರೆ 'ಮುಂದಿನ ಸರದಿ'ಗೆ ಹಾಕಿ. ಇಷ್ಟವಾಗದಿದ್ದರೆ ಅಡಗಿಸಬೇಡಿ, ಹಿಂದಿರುಗಿಸಿ. ಕೊಂಡ 14 ದಿನದೊಳಗೆ, ಆಡಿದ್ದು 2 ಗಂಟೆಗಿಂತ ಕಡಿಮೆ ಇದ್ದರೆ ರೀಫಂಡ್ ಕೇಳಬಹುದು. ಹದಿನೈದನೇ ದಿನ ನೆನಪಾದರೆ ಉಳಿಯುವುದು 'ಹೈಡ್ ದಿಸ್ ಗೇಮ್' ಒಂದೇ.